ಪರರ ಸೊತ್ತಿಗೆ ಕೇಡು: ದಂಡವೂ ನಷ್ಟಪೂರ್ತಿಯೂ

ಕುಂದಾಪುರಕ್ಕೆ ತೆಂಕಲಾಗಿರುವ ತೆಕ್ಕಟ್ಟೆಯ ಸೀಮೆಯಲ್ಲಿ ರೈತನೊಬ್ಬನು ಸುಗ್ಗಿಯ ಬೆಳೆಗಾಗಿ ತೋಡಿಗೆ ಕಟ್ಟ ಹಾಕಿರುವನೆಂದು ಭಾವಿಸೋಣ. ಹಗೆಯಿಂದ ಒಬ್ಬನು ರಾತ್ರಿಯಲ್ಲಿ ಅದನ್ನು ಕಡಿಯುತ್ತಾನೆ; ಸಿಹಿನೀರೆಲ್ಲ ಹರಿದು ಕಡಲು ಸೇರುತ್ತದೆ; ಗದ್ದೆ ಒಣಗುತ್ತದೆ. ಕಡಿದವನು ಒಂದು ಕಾಳನ್ನೂ ಒಯ್ಯಲಿಲ್ಲವಾದುದರಿಂದ ಇದು ಕಳವಲ್ಲ. ತನಗೆ ಲಾಭವಿಲ್ಲದೆ ಪರರಿಗೆ ನಷ್ಟವನ್ನುಂಟುಮಾಡುವ ಇಂಥ ಕೃತ್ಯವನ್ನು ನಮ್ಮ ದೇಶದ ನ್ಯಾಯವು ಹೇಗೆ ಕಂಡಿತು?

ಕೌಟಿಲ್ಯನ ಅರ್ಥಶಾಸ್ತ್ರವು ಬಹು ಕಠಿನವಾದುದು. ನೀರು ತುಂಬಿದ ಕಟ್ಟೆಯನ್ನೊಡೆದವನನ್ನು ಅಲ್ಲಿಯೇ ಮುಳುಗಿಸಬೇಕು; ನೀರಿಲ್ಲದ ಕಟ್ಟೆಯಾದರೆ ಉತ್ತಮ ಸಾಹಸದಂಡ, ಪಾಳುಬಿದ್ದುದಾದರೆ ಮಧ್ಯಮ. ಇಲ್ಲಿ ದಂಡವನ್ನು ಅಳೆದುದು ಕಲ್ಲುಮಣ್ಣಿನ ಬೆಲೆಯಿಂದಲ್ಲ, ಊರಿಗೊದಗುವ ವಿಪತ್ತಿನಿಂದ.

ಕಲ್ಯಾಣದ ಚಾಲುಕ್ಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರನು ವ್ಯಾಖ್ಯಾನಿಸಿದ ಯಾಜ್ಞವಲ್ಕ್ಯಸ್ಮೃತಿಯ ದೃಷ್ಟಿ ಬೇರೆ. ಪರರ ಗೋಡೆಯನ್ನು ಗುದ್ದಿದರೆ 5 ಪಣ, ಬಿರುಕು ಬಿಡಿಸಿದರೆ 10, ಸೀಳಿದರೆ 20. ಕೆಡವಿದರೆ ದಂಡದ ಮೇಲೆ ಗೋಡೆಯನ್ನು ಮರಳಿ ಕಟ್ಟಿಸುವ ವೆಚ್ಚವನ್ನೂ ತೆರಬೇಕು. ದಂಡವು ಅರಸನಿಗೆ, ವೆಚ್ಚವು ಒಡೆಯನಿಗೆ.

ಅರಸನ ಕೈ ಎಟುಕದೆಡೆ ಶಾಪವಿತ್ತು. ಬಾರಕೂರು ಸೀಮೆಯ ಶಾಸನಗಳಲ್ಲಿಯೂ, ನಾಡಿನ ಇತರ ಶಾಸನಗಳಲ್ಲಿ ಕಾಣುವಂತೆ, ಧರ್ಮವನ್ನು ಕೆಡಿಸಿದವನಿಗೆ ವಾರಣಾಸಿಯಲ್ಲಿ ಗೋಹತ್ಯೆ ಮಾಡಿದ ಪಾಪವೆಂಬ ಎಚ್ಚರಿಕೆಯುಂಟು.

1799ರಲ್ಲಿ ಟಿಪ್ಪುವಿನ ಪತನಾನಂತರ ಕನ್ನಡ ಜಿಲ್ಲೆಯು ಕುಂಪಣಿಯವರ ಕೈಸೇರಿತು. 1860ರಲ್ಲಿ ಅಂಗೀಕೃತವಾಗಿ 1862ರ ಜನವರಿ 1ರಿಂದ ಜಾರಿಗೆ ಬಂದ ದಂಡಸಂಹಿತೆಯು ಈ ಅಪರಾಧಕ್ಕೆ ಒಂದು ಲಕ್ಷಣವನ್ನು ಕೊಟ್ಟಿತು. ಅನ್ಯಾಯವಾದ ನಷ್ಟವನ್ನುಂಟುಮಾಡುವ ಉದ್ದೇಶವಾಗಲಿ, ಹಾಗಾಗಬಹುದೆಂಬ ಅರಿವಾಗಲಿ ಇರತಕ್ಕದ್ದು. ಕೈತಪ್ಪಿ ಆದ ಹಾನಿ ಅಪರಾಧವಲ್ಲ. ಸಾಮಾನ್ಯ ಕೇಡಿಗೆ 3 ತಿಂಗಳು, 50 ರೂಪಾಯಿಗೆ ಮುಟ್ಟಿದ ನಷ್ಟಕ್ಕೆ 2 ವರ್ಷ, ಬೇಸಾಯದ ನೀರನ್ನು ಕುಂದಿಸಿದರೆ 5 ವರ್ಷ, ಮನೆಗೆ ಬೆಂಕಿಯಿಟ್ಟರೆ ಜೀವಾವಧಿಯವರೆಗೆ ಶಿಕ್ಷೆ. ಕೌಟಿಲ್ಯನಂತೆ ಈ ಸಂಹಿತೆಯೂ ನೀರಿನ ಕೇಡನ್ನು ಬೇರೆಯಾಗಿಯೇ ಎಣಿಸಿತು.

ಆ 50 ರೂಪಾಯಿಯ ಗೆರೆ ಮಾತ್ರ ಒಂದೂವರೆ ಶತಮಾನಕ್ಕೂ ಮಿಕ್ಕಿ ಕದಲಲಿಲ್ಲ. 1862ರ ದೊಡ್ಡ ಮೊತ್ತವು ಕಾಲಾಂತರದಲ್ಲಿ ಚಿಲ್ಲರೆಯಾಯಿತು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯು ಅದನ್ನು ತಿದ್ದಿತು: ಸಾಮಾನ್ಯ ಕೇಡಿಗೆ 6 ತಿಂಗಳು, 20,000 ರೂಪಾಯಿಯಿಂದ ಲಕ್ಷದೊಳಗಿನ ನಷ್ಟಕ್ಕೆ 2 ವರ್ಷ, ಲಕ್ಷಕ್ಕೆ ಮುಟ್ಟಿದರೆ 5 ವರ್ಷ. ನೀರಿನ ಕೇಡಿಗೆ ಹಿಂದಿನ 5 ವರ್ಷವೇ ಉಳಿದಿದೆ.

ಇನ್ನು ಕಟ್ಟ ಕಳೆದುಕೊಂಡ ರೈತನ ಪ್ರಶ್ನೆ. ಅಪರಾಧಿಯು ಸೆರೆಮನೆಗೆ ಹೋದ ಮಾತ್ರಕ್ಕೆ ಗದ್ದೆಗೆ ನೀರು ಬಾರದು. ಜುಲ್ಮಾನೆಯ ಹಣದಿಂದ ನಷ್ಟಪೂರ್ತಿ ಮಾಡಿಸುವ ಅಧಿಕಾರ 1898ರ ದಂಡಪ್ರಕ್ರಿಯಾ ಸಂಹಿತೆಯಲ್ಲಿ ನ್ಯಾಯಾಲಯಕ್ಕಿತ್ತು. ಈಗಿನ ಸಂಹಿತೆಯಲ್ಲಿಯೂ ಇದೆ. ಆದರೆ ಅಲ್ಲಿ ನ್ಯಾಯಾಧೀಶನು ಕೊಡಿಸ'ಬಹುದು'. ವಿಜ್ಞಾನೇಶ್ವರನ ಮತದಲ್ಲಿ ಗೋಡೆ ಕೆಡವಿದವನು ಕೊಡ'ಬೇಕು'. ನಷ್ಟಪಟ್ಟವನ ಪಾಲಿಗೆ ಈ ಎರಡು ಕ್ರಿಯಾಪದಗಳ ಅಂತರ ಅಲ್ಪವಾದುದಲ್ಲ.