ಹೆಬ್ಬೆಟ್ಟಿನ ಕೆಳಗಿನ ನೆಲ

'ನಾವು ಮಾರಿಲ್ಲ ಕಣಪ್ಪ, ಹೆಬ್ಬೆಟ್ಟು ಒತ್ತಿದ್ವಿ ಅಷ್ಟೆ.' ನಮ್ಮ ಕೇರಿಯ ಮುದುಕರು ಹೀಗಂದಾಗ ಕಾಲೇಜು ಮೆಟ್ಟಿಲು ಹತ್ತಿದ ನಮಗೆ ನಗು ಬರುತ್ತಿತ್ತು. ಜಮೀನಿನ ಕಾಗದಗಳನ್ನು ಓದಲು ಕಲಿತ ಮೇಲೆ ಆ ನಗು ನಿಂತಿತು.

ಕಾನೂನಿನಲ್ಲಿ ಮಾರಾಟಕ್ಕೆ ಮೆಟ್ಟಿಲುಗಳಿವೆ. ಮೂಲಪತ್ರ, ಪಹಣಿ, ಋಣಭಾರ ಪತ್ರ ನೋಡಬೇಕು. ಆಮೇಲೆ ಕರಾರು, ಮುಂಗಡ. ಆಮೇಲೆ ಕ್ರಯಪತ್ರ, ನೋಂದಣಿ, ಖಾತೆ ಬದಲಾವಣೆ. ನೂರು ರೂಪಾಯಿ ಮತ್ತು ಅದಕ್ಕೆ ಮೇಲ್ಪಟ್ಟ ಸ್ಥಿರಾಸ್ತಿಯ ಮಾರಾಟ ನೋಂದಣಿಯಿಂದಲೇ ಆಗಬೇಕು, ಬರೀ ಕರಾರಿನಿಂದ ಹಕ್ಕು ಹುಟ್ಟುವುದಿಲ್ಲ ಅನ್ನುತ್ತದೆ 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 54ನೇ ಕಲಮು. 55ನೇ ಕಲಮು ಇಬ್ಬರ ಮೇಲೂ ಹೊಣೆ ಹೊರಿಸುತ್ತದೆ. ಮಾರುವವನು ಹಕ್ಕಿನ ದೋಷ ಮುಚ್ಚಿಡಬಾರದು. ಕೊಳ್ಳುವವನೂ ಅಷ್ಟೆ: ಮಾರುವವನಿಗೇ ಗೊತ್ತಿಲ್ಲದ ಅವನ ಹಕ್ಕಿನ ವಿಚಾರ ತನಗೆ ಗೊತ್ತಿದ್ದು, ಅದರಿಂದ ಬೆಲೆ ಹೆಚ್ಚುವಂತಿದ್ದರೆ ಬಾಯಿ ಬಿಟ್ಟು ಹೇಳಬೇಕು.

ನಮ್ಮ ತಾತಂದಿರಿಗೆ ಯಾರು ಹೇಳಿದರು? ಕಾಯ್ದೆಯ ಕಣ್ಣಿಗೆ ಅಲ್ಲಿರುವುದು ಇಬ್ಬರು ಸಮಾನರು. ಊರಲ್ಲಿ ಒಬ್ಬ ಜಗಲಿಯ ಮೇಲೆ ಕೂತವನು, ಇನ್ನೊಬ್ಬ ಅಂಗಳದಲ್ಲಿ ಕೈಕಟ್ಟಿ ನಿಂತವನು. ಹೆಬ್ಬೆಟ್ಟು ಇವನದೇ ತಾನೇ ಎಂದು ನೋಂದಣಿ ಕಚೇರಿ ಕೇಳುತ್ತದೆ. ಯಾವ ಸಾಲಕ್ಕೆ, ಯಾವ ಕಾಯಿಲೆಗೆ, ಯಾವ ಹಸಿವಿಗೆ ಒತ್ತಿದೆ ಎಂದು ಕೇಳುವುದಿಲ್ಲ.

ಮೈಸೂರು ಅರಸರ ಕಾಲದಿಂದಲೂ ಸರ್ಕಾರ ದಲಿತರಿಗೆ ತುಂಡು ಭೂಮಿ ಮಂಜೂರು ಮಾಡುತ್ತ ಬಂದಿದೆ. ಇಂತಿಷ್ಟು ವರ್ಷ ಪರಭಾರೆ ಮಾಡಕೂಡದು, ಕೆಲವೆಡೆ ಎಂದೆಂದಿಗೂ ಕೂಡದು ಎಂಬ ಷರತ್ತೂ ಇತ್ತು. ಷರತ್ತು ಕಾಗದದಲ್ಲಿ ಉಳಿಯಿತು, ಭೂಮಿ ಜಗಲಿಯ ಕಡೆ ನಡೆಯಿತು.

ಇದಕ್ಕೆ ತಡೆ ಹಾಕಲು ಬಂದದ್ದು ಪರಿಶಿಷ್ಟರ ಕೆಲವು ಜಮೀನುಗಳ ಪರಭಾರೆ ನಿಷೇಧಿಸುವ ಕರ್ನಾಟಕದ 1978ರ ಕಾಯ್ದೆ. ನಾವು ಪಿಟಿಸಿಎಲ್ ಅನ್ನುವುದು ಇದನ್ನೇ. 1979ರ ಜನವರಿ 1ರಿಂದ ಜಾರಿಯಾಯಿತು. ಷರತ್ತು ಮೀರಿದ ಹಳೆಯ ಪರಭಾರೆಯೂ ಅಸಿಂಧು ಎಂದಿತು. ಮುಂದಕ್ಕೆ ಸರ್ಕಾರದ ಪೂರ್ವಾನುಮತಿ ಇಲ್ಲದೆ ಮಾರುವಂತಿಲ್ಲ. ಉಪವಿಭಾಗಾಧಿಕಾರಿ ಭೂಮಿ ಬಿಡಿಸಿ ಮಂಜೂರಾದವನಿಗೋ ಅವನ ವಾರಸುದಾರರಿಗೋ ಕೊಡಬೇಕು. ದೊಡ್ಡ ಮಾತೆಂದರೆ, ಮಂಜೂರಾದ ಭೂಮಿ ಬೇರೆಯವರ ಸ್ವಾಧೀನದಲ್ಲಿದ್ದರೆ ಅದು ಅಕ್ರಮ ಪರಭಾರೆಯಿಂದಲೇ ಬಂದದ್ದೆಂದು ಭಾವಿಸಬೇಕು. ಅಲ್ಲ ಎಂದು ಸಾಬೀತು ಮಾಡುವ ಹೊಣೆ ಸ್ವಾಧೀನದಲ್ಲಿ ಇರುವವನದು. ಅಂಗಳದಲ್ಲಿ ನಿಂತವನನ್ನು ಬಿಟ್ಟು ಜಗಲಿಯವನನ್ನು ಕಾನೂನು ಪ್ರಶ್ನೆ ಕೇಳಿತು!

ಸಹಿಸುತ್ತಾರೆಯೇ? ಕೋರ್ಟಿಗೆ ಹೋದರು. 1984ರಲ್ಲಿ ಮಂಚೇಗೌಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕಾಯ್ದೆಯನ್ನು ಎತ್ತಿ ಹಿಡಿಯಿತು. 2017ರಲ್ಲಿ ಅದೇ ಕೋರ್ಟು ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ, ಅರ್ಜಿ ಸಮಂಜಸ ಅವಧಿಯೊಳಗೆ ಬರಬೇಕು ಎಂದಿತು. ಅಲ್ಲಿಂದ 'ತಡವಾಯ್ತು' ಎಂಬ ಒಂದೇ ಮಾತಿಗೆ ಅರ್ಜಿಗಳು ಬಿದ್ದವು. ಓದು ಬಾರದವನಿಗೆ ಕಾಯ್ದೆ ಇದೆಯೆಂದು ಹೇಳದವರೇ ಯಾಕೆ ತಡವಾಗಿ ಬಂದೆ ಎಂದು ಕೇಳಿದ ಹಾಗೆ. ಹೋರಾಟ ನಡೆಯಿತು. 2023ರಲ್ಲಿ ಕಾಲಮಿತಿ ಇಲ್ಲವೆಂದು ತಿದ್ದುಪಡಿ ಬಂತು. ಆದರೂ ತಡದ ವಾದ ಕೋರ್ಟಿನಲ್ಲಿ ಮುಗಿದಿಲ್ಲ.

ಅದಕ್ಕೇ ಮೇಷ್ಟ್ರೇ, ಗೆಳೆಯರೇ, ನಿಮ್ಮೂರಿನ ಕೇರಿಯಲ್ಲಿ ಒಂದು ಸಂಜೆ ಕೂತು ಟ್ರಂಕಿನ ತಳದ ಸಾಗುವಳಿ ಚೀಟಿಗಳನ್ನು ತೆಗೆಸಿ, ಗಟ್ಟಿಯಾಗಿ ಓದಿ ಹೇಳಿ. ಮಂಜೂರಾದ ಭೂಮಿಗೆ ಮುಂಗಡ ಹಿಡಿದು ಯಾರಾದರೂ ಬಂದರೆ ಇದನ್ನೂ ಹೇಳಿ: ಈ ಕಾಯ್ದೆಯಲ್ಲಿ ಭೋಗ್ಯ, ಗುತ್ತಿಗೆ ಮಾತ್ರವಲ್ಲ, ಮಾರುವ ಕರಾರು ಕೂಡ ಪರಭಾರೆಯೇ. ತಡ ಮಾಡಬೇಡಿ. ನಮ್ಮ ತಾತಂದಿರ ಹೆಬ್ಬೆಟ್ಟಿಗೆ ಓದು ಬರುತ್ತಿರಲಿಲ್ಲ. ನಮಗೆ ಬರುತ್ತದೆ.