ಮೊದಲ ಮಹಾಯುದ್ಧದ ಆ ವಿಮಾನ ಕಾಳಗದ ವಿಡಿಯೊ ಅಸಲಿಯೇ?

ಮೂರಂತಸ್ತಿನ ರೆಕ್ಕೆಯ ಕೆಂಪು ವಿಮಾನವೊಂದು ಇನ್ನೊಂದನ್ನು ಅಟ್ಟಿಸಿಕೊಂಡು ಹೋಗುತ್ತದೆ. ಗುಂಡಿನ ಸದ್ದು, ಹೊಗೆ, ಕೆಳಗೆ ಹಸಿರು ಹೊಲ. ಜೊತೆಗೆ "1917ರ ಅಸಲಿ ದೃಶ್ಯ, ಎಲ್ಲರಿಗೂ ಕಳಿಸಿ" ಎಂಬ ಸಾಲು. ಜರಗನಹಳ್ಳಿಯ ನಮ್ಮ ಬೀದಿಯ ವಾಟ್ಸ್‌ಆ್ಯಪ್ ಗ್ರೂಪಿಗೂ ಇಂಥದ್ದು ಬಂದಿತ್ತು. ಇದು ಯುದ್ಧವಲ್ಲ, ಕಂಪ್ಯೂಟರ್ ಗೇಮ್.

ಹೇಗೆ ಗೊತ್ತಾಗುತ್ತದೆ? ಕ್ಯಾಮೆರಾ ಎಲ್ಲಿದೆ ಎಂದು ಕೇಳಿಕೊಳ್ಳಿ. ವಿಮಾನದ ಪಕ್ಕದಲ್ಲೇ ತೇಲುತ್ತಾ, ಸುತ್ತು ಹಾಕುತ್ತಾ ಚಿತ್ರ ತೆಗೆದವರು ಯಾರು? ಆಗಿನ ಸಿನಿಮಾ ಕ್ಯಾಮೆರಾಗಳು ಭಾರವಾದವು, ಹೆಚ್ಚಿನವನ್ನು ಕೈಯಿಂದ ತಿರುಗಿಸಬೇಕಿತ್ತು. ದೃಶ್ಯದ ಜೊತೆಗೇ ಸದ್ದನ್ನು ಹಿಡಿಯುವ ಸಿನಿಮಾ ಬಳಕೆಗೆ ಬಂದದ್ದು 1920ರ ದಶಕದ ಕೊನೆಗೆ. ಹಾಗೆಂದು ಕಪ್ಪು-ಬಿಳುಪು ಇದ್ದರೆ ಅಸಲಿ ಎಂದುಕೊಳ್ಳಬೇಡಿ. 1927ರ ‘ವಿಂಗ್ಸ್’ ಎಂಬ ಹಾಲಿವುಡ್ ಚಿತ್ರಕ್ಕಾಗಿ ನಿಜವಾದ ವಿಮಾನಗಳನ್ನೇ ಹಾರಿಸಿ ಕಾಳಗ ಚಿತ್ರಿಸಿದ್ದರು.

ಹೊರಗಿನಿಂದ ನೋಡುವ ಈ ನೋಟ ಗೇಮ್‌ಗಳಿಗೆ ಹೊಸದಲ್ಲ. ಅಮೆರಿಕದ ಡೈನಮಿಕ್ಸ್ ಕಂಪನಿ 1990ರಲ್ಲಿ ‘ರೆಡ್ ಬ್ಯಾರನ್’ ಗೇಮ್ ತಂದಾಗಲೇ, ಆಡಿ ಮುಗಿದ ಕಾಳಗವನ್ನು ಬೇಕಾದ ಕೋನದಿಂದ ಮತ್ತೆ ನೋಡುವ ಸೌಲಭ್ಯ ಅದರಲ್ಲಿತ್ತು. ಅದರ ವಿಮಾನಗಳು ರಟ್ಟು ಕತ್ತರಿಸಿ ಅಂಟಿಸಿದಂತಿದ್ದವು, ಯಾರೂ ಮೋಸಹೋಗುತ್ತಿರಲಿಲ್ಲ. 2009ರ ‘ರೈಸ್ ಆಫ್ ಫ್ಲೈಟ್’ ಹೊತ್ತಿಗೆ ಚಿತ್ರ ಎಷ್ಟು ನುಣುಪಾಯಿತೆಂದರೆ, ಸಣ್ಣ ಪರದೆಯ ಮೊಬೈಲಿನಲ್ಲಿ ಯಾರಾದರೂ ನಂಬಿಯಾರು.

ಗೇಮ್ ಎಂದಮಾತ್ರಕ್ಕೆ ಎಲ್ಲವೂ ಸುಳ್ಳಲ್ಲ. ತಿರುಗುವ ಪ್ರೊಪೆಲರ್ ನಡುವಿನಿಂದ ಗುಂಡು ಹಾರುವುದನ್ನು ಕಂಡು "ಸಾಧ್ಯವೇ ಇಲ್ಲ" ಎನ್ನುವವರಿದ್ದಾರೆ. ಅದು ನಿಜ. 1915ರಲ್ಲಿ ಜರ್ಮನಿಯ ಫಾಕರ್ ವಿಮಾನಗಳಲ್ಲಿ ಬಂದೂಕನ್ನು ಎಂಜಿನ್ನಿಗೇ ಜೋಡಿಸಿದ್ದರು. ರೆಕ್ಕೆ ನಳಿಕೆಯ ಎದುರು ಬಂದ ಕ್ಷಣ ಗುಂಡು ಹಾರುತ್ತಿರಲಿಲ್ಲ.

‘ರೆಡ್ ಬ್ಯಾರನ್’ ಎಂದೇ ಹೆಸರಾದ ಜರ್ಮನ್ ಪೈಲಟ್ ಮಾನ್‌ಫ್ರೆಡ್ ಫಾನ್ ರಿಚ್‌ಟೋಫೆನ್ ಕೂಡ ನಿಜವಾಗಿ ಇದ್ದವನೇ. ಅವನ ಲೆಕ್ಕದಲ್ಲಿ 80 ವಿಮಾನಗಳಿವೆ. ಆದರೆ ಮೂರಂತಸ್ತಿನ ರೆಕ್ಕೆಯ ವಿಮಾನದಲ್ಲಿ ಕುಳಿತು ಅವನು ಉರುಳಿಸಿದ್ದು ಸುಮಾರು ಕಾಲು ಭಾಗ ಮಾತ್ರ.

ಫಾರ್ವರ್ಡ್‌ಗಳಲ್ಲಿ ಅಪರೂಪಕ್ಕೂ ಕಾಣದ ಹೆಸರೊಂದಿದೆ: ಕೋಲ್ಕತ್ತದಲ್ಲಿ ಹುಟ್ಟಿದ ಇಂದ್ರಲಾಲ್ ರಾಯ್. ಬ್ರಿಟನ್ನಿನ ವಾಯುಪಡೆಯಲ್ಲಿದ್ದ ಈತ 1918ರ ಜುಲೈನಲ್ಲಿ ಎರಡು ವಾರದೊಳಗೆ 10 ವಿಜಯ ಸಾಧಿಸಿ, ಅದೇ ತಿಂಗಳ 22ರಂದು ಫ್ರಾನ್ಸ್‌ನ ಆಕಾಶದಲ್ಲಿ ಮಡಿದ. ವಯಸ್ಸು 19. ಬ್ರಿಟಿಷ್ ಯುದ್ಧವಿಮಾನದ ಪೈಲಟ್‌ಗಳಿಗೆ ಆಗ ಪ್ಯಾರಾಚೂಟ್ ಕೊಡುತ್ತಿರಲಿಲ್ಲ.

ನೂರು ವರ್ಷದ ಹಿಂದಿನ ಯುದ್ಧದ ವಿಡಿಯೊ ಸುಳ್ಳಾದರೆ ನಷ್ಟವೇನು ಎನ್ನಬಹುದು. 2025ರ ಮೇ ತಿಂಗಳಲ್ಲಿ ಭಾರತ-ಪಾಕಿಸ್ತಾನ ಸಂಘರ್ಷದ ದಿನಗಳಲ್ಲೂ ‘ಆರ್ಮಾ 3’ ಗೇಮ್‌ನ ದೃಶ್ಯಗಳು ನಿಜವಾದ ದಾಳಿಯ ಹೆಸರಿನಲ್ಲಿ ಹರಿದಾಡಿದವು. ಗಡಿಯಲ್ಲಿ ಮಗ ಇರುವ ಮನೆಯವರೂ ಅದನ್ನು ನೋಡುತ್ತಿದ್ದರು.

ಅನುಮಾನ ಬಂದರೆ ವಿಡಿಯೊ ನಿಲ್ಲಿಸಿ, ಸ್ಪಷ್ಟವಾಗಿರುವ ಕಡೆ ಸ್ಕ್ರೀನ್‌ಶಾಟ್ ತೆಗೆದು ಗೂಗಲ್ ಲೆನ್ಸ್‌ಗೆ ಕೊಡಿ. ಅಂಚಿನಲ್ಲಿ ಏನಾದರೂ ಕತ್ತರಿಸಿದಂತಿದೆಯೇ ಎಂದೂ ನೋಡಿ. ಗೇಮ್‌ನ ಅಂಕಿಗಳೂ ಚಾನೆಲ್ಲಿನ ಹೆಸರೂ ಇರುವುದು ಅಲ್ಲೇ.