ಹೆಸರು ಬದಲಿಸದ ಮದುಮಗಳು

ಬಂಗಾಳಿ ಕಾದಂಬರಿಗಳು ಕನ್ನಡಿಗರಿಗೆ ಹೊಸದಲ್ಲ. ಬಿ. ವೆಂಕಟಾಚಾರ್ಯರು ಬಂಕಿಮಚಂದ್ರರನ್ನು ಕನ್ನಡಕ್ಕೆ ತಂದು ಒಂದು ತಲೆಮಾರಿಗೇ ಓದಿನ ರುಚಿ ಹತ್ತಿಸಿದರು. ಅವರು ಅನುವಾದಿಸಿದ ಕೃತಿಗಳಲ್ಲಿ ‘ವಿಷವೃಕ್ಷ’ವೂ ಒಂದು. ಅದರಲ್ಲಿ ಎಳೆಯ ವಿಧವೆ ಕುಂದನಂದಿನಿ ಮರುಮದುವೆಯಾಗುತ್ತಾಳೆ, ಕೊನೆಗೆ ವಿಷ ಕುಡಿದು ಸಾಯುತ್ತಾಳೆ. ಶರತ್‌ಚಂದ್ರರ ‘ಪಲ್ಲಿ ಸಮಾಜ’ದ ವಿಧವೆ ರಮಾ ತಾನು ಪ್ರೀತಿಸಿದ ರಮೇಶನನ್ನು ಬಿಟ್ಟು ಕಾಶಿಯ ದಾರಿ ಹಿಡಿಯುತ್ತಾಳೆ. ಈಶ್ವರಚಂದ್ರ ವಿದ್ಯಾಸಾಗರರ ಹೋರಾಟದಿಂದ 1856ರಲ್ಲೇ ವಿಧವಾವಿವಾಹಕ್ಕೆ ಕಾನೂನಿನ ಒಪ್ಪಿಗೆ ಸಿಕ್ಕಿತ್ತು. ಆದರೂ ಈ ಹೆಸರಾಂತ ಕಥೆಗಳಲ್ಲಿ ವಿಧವೆಗೆ ಪ್ರೀತಿಸಿ ಸುಖವಾಗಿರುವ ಭಾಗ್ಯ ಸಿಗಲಿಲ್ಲ.

ಕಥೆಯಲ್ಲಿ ಆಗದ್ದನ್ನು ಬದುಕಿನಲ್ಲಿ ಮಾಡಿ ತೋರಿಸಿದ ಕವಯಿತ್ರಿ ರಾಧಾರಾಣಿ ದೇವಿ. ನಮ್ಮ ಸಖಿಯರಿಗೆ ಅವರ ಪರಿಚಯ ಮಾಡಿಕೊಡುವುದೇ ಈ ಲೇಖನದ ಉದ್ದೇಶ.

ರಾಧಾರಾಣಿ ಹುಟ್ಟಿದ್ದು 1903ರಲ್ಲಿ, ಕೂಚ್‌ಬಿಹಾರದಲ್ಲಿ. 13ನೇ ವಯಸ್ಸಿಗೆ ಮದುವೆಯಾಯಿತು. ಕೆಲವೇ ತಿಂಗಳಲ್ಲಿ ಎಂಜಿನಿಯರ್ ಆಗಿದ್ದ ಗಂಡ ಜ್ವರದಿಂದ ತೀರಿಕೊಂಡರು. ಆ ಕಾಲದ ಬಂಗಾಳದ ಮೇಲ್ಜಾತಿ ಮನೆಗಳಲ್ಲಿ ವಿಧವೆ ಎಂದರೆ ಬಿಳಿ ಸೀರೆ, ಮೀನು ಮಾಂಸವಿಲ್ಲದ ಊಟ, ಏಕಾದಶಿಯ ಉಪವಾಸ. ಆಕೆ ಓದಿದರು, ಬರೆದರು. 1929ರಲ್ಲಿ ‘ಲೀಲಾಕಮಲ’ ಎಂಬ ಕವನ ಸಂಕಲನ ಬಂತು. ಕಲ್ಕತ್ತೆಯ ಸಾಹಿತ್ಯ ವಲಯದಲ್ಲಿ ರವೀಂದ್ರನಾಥ ಠಾಕೂರ್, ಶರತ್‌ಚಂದ್ರ, ಪ್ರಮಥ ಚೌಧುರಿ ಮೊದಲಾದವರ ಪರಿಚಯವಾಯಿತು. ಅದೇ ಬಳಗದ ಕವಿ ನರೇಂದ್ರ ದೇವ್ ಅವರೊಂದಿಗೆ ಸ್ನೇಹವೂ ಬೆಳೆಯಿತು.

ಆಗ ಹೆಣ್ಣುಮಕ್ಕಳ ಬರಹದ ಬಗ್ಗೆ ಒಂದು ಆಕ್ಷೇಪ ಇತ್ತು. ಹೆಂಗಸರೂ ಗಂಡಸರ ಭಾಷೆಯಲ್ಲೇ ಬರೆಯುತ್ತಾರೆ, ಅವರದೇ ಆದ ಛಾಪು ಕಾಣುವುದಿಲ್ಲ ಎಂದು ಪ್ರಮಥ ಚೌಧುರಿ ಅಂದಿದ್ದರು. ರಾಧಾರಾಣಿ ವಾದಕ್ಕೆ ಇಳಿಯಲಿಲ್ಲ. ‘ಅಪರಾಜಿತಾ ದೇವಿ’ ಎಂಬ ಗುಪ್ತನಾಮದಲ್ಲಿ ಹೊಸ ಬಗೆಯ ಪದ್ಯ ಬರೆಯತೊಡಗಿದರು. ಅಪರಾಜಿತಾ ಎಂದರೆ ಸೋಲದವಳು. ನಮ್ಮ ಶಂಖಪುಷ್ಪಕ್ಕೂ ಬಂಗಾಳಿಯಲ್ಲಿ ಅದೇ ಹೆಸರು. ಈ ಪದ್ಯಗಳಲ್ಲಿ ಒಳಮನೆಯ ಹೆಂಗಸರ ಆಡುಮಾತು, ಗಂಡ ಹೆಂಡಿರ ಸರಸ, ಮುನಿಸು, ತಮಾಷೆ ಎಲ್ಲವೂ ಇತ್ತು. 1930ರಲ್ಲಿ ‘ಬುಕೇರ್ ಬೀಣಾ’ ಸಂಕಲನ ಬಂದಾಗ ‘ಯಾರೀಕೆ?’ ಎಂಬ ಕುತೂಹಲ ಎದ್ದಿತು. ಸ್ವತಃ ರವೀಂದ್ರನಾಥರೇ ಅಪರಾಜಿತಾ ಜೊತೆ ಪದ್ಯರೂಪದಲ್ಲಿ ಪತ್ರ ವ್ಯವಹಾರ ನಡೆಸಿದರು.

ಐಟಿ ಕೆಲಸದಲ್ಲಿರುವ ನನ್ನಂಥವಳಿಗೆ ಇದು ಒಬ್ಬರಿಗೇ ಎರಡು ಲಾಗಿನ್ ಇದ್ದ ಹಾಗೆ ಕಾಣುತ್ತದೆ. ಗಂಭೀರ ಪದ್ಯಕ್ಕೆ ರಾಧಾರಾಣಿ, ಸರಸಕ್ಕೆ ಅಪರಾಜಿತಾ. ದಾಂಪತ್ಯದ ಬಗ್ಗೆ ನಕ್ಕು ಮಾತಾಡುವ ಹಕ್ಕನ್ನು ಸಮಾಜ ವಿಧವೆಗೆ ಕೊಟ್ಟಿರಲಿಲ್ಲ. ಇನ್ನೊಂದು ಹೆಸರು ಆ ಹಕ್ಕನ್ನು ಕೊಟ್ಟಿತು.

ಆದರೆ ಮದುವೆಯ ವಿಷಯ ಬಂದಾಗ ರಾಧಾರಾಣಿ ಯಾವ ಹೆಸರಿನ ಹಿಂದೆಯೂ ನಿಲ್ಲಲಿಲ್ಲ. 1931ರ ಮೇ 31ರಂದು ನರೇಂದ್ರ ದೇವ್ ಅವರನ್ನು ಮದುವೆಯಾದರು. ವಧುವಿಗೆ 27, ವರನಿಗೆ 40 ದಾಟಿತ್ತು. ಕನ್ಯಾದಾನ ಮಾಡಲು ಯಾರೂ ಬೇಕಾಗಲಿಲ್ಲ. ತನ್ನನ್ನು ತಾನೇ ಧಾರೆ ಎರೆದುಕೊಂಡರು. ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಕೊಡಲು ತಾನು ವಸ್ತುವಲ್ಲ ಎಂದು ಇದಕ್ಕಿಂತ ಸರಳವಾಗಿ ಹೇಳುವುದು ಹೇಗೆ?

ಇನ್ನೊಂದು ಸಂಗತಿಯನ್ನು ಅವರ ಮಗಳೇ ಹೇಳುತ್ತಿದ್ದರು. ಹೊಸ ಬಾಳಿಗೆ ಹೊಸ ಹೆಸರಿರಲಿ ಎಂದು ರವೀಂದ್ರನಾಥರು ರಾಧಾರಾಣಿಗೆ ‘ನವನೀತಾ’ ಎಂಬ ಹೆಸರು ಸೂಚಿಸಿದರಂತೆ. ಹೊಸದಾಗಿ ಬಂದವಳು ಎಂಬ ಅರ್ಥ. ರಾಧಾರಾಣಿ ವಿನಯದಿಂದಲೇ ಬೇಡವೆಂದರು. ಅಷ್ಟು ವರ್ಷ ತನ್ನದಾಗಿದ್ದ, ಪುಸ್ತಕದ ಮೇಲೆ ಅಚ್ಚಾದ ಹೆಸರನ್ನು ಬಿಡುವುದು ಹೇಗೆ? 1938ರಲ್ಲಿ ಮಗಳು ಹುಟ್ಟಿದಾಗ ಕವಿಗಳು ಆ ಹೆಸರನ್ನು ಮಗುವಿಗೆ ಕೊಟ್ಟರು. ಆ ಮಗುವೇ ಮುಂದೆ ಹೆಸರಾಂತ ಲೇಖಕಿ, ಜಾದವ್‌ಪುರ ವಿಶ್ವವಿದ್ಯಾಲಯದ ಪ್ರಾಧ್ಯಾಪಕಿ ನವನೀತಾ ದೇವ್ ಸೇನ್.

ಮದುವೆಯಲ್ಲಿ ತಟ್ಟೆಯ ಅಕ್ಕಿಯ ಮೇಲೆ ಸೊಸೆಯ ಹೊಸ ಹೆಸರು ಬರೆಸುವ ಪದ್ಧತಿ ನಮ್ಮಲ್ಲೂ ಹಲವು ಮನೆಗಳಲ್ಲಿದೆ. ಆಮೇಲೆ ಪ್ಯಾನ್, ಪಾಸ್‌ಪೋರ್ಟ್, ಆಫೀಸಿನ ಇಮೇಲ್ ಐಡಿ ತಿದ್ದಿಸುವ ಓಡಾಟ. ಪ್ರೀತಿಯಿಂದ ಬದಲಿಸಿಕೊಂಡರೆ ತಪ್ಪೇನಿಲ್ಲ. ಕೇಳದೆ ಬದಲಿಸಿದಾಗ ಮಾತ್ರ ಏನೋ ಕಳೆದುಕೊಂಡ ಹಾಗಾಗುತ್ತದೆ. ವಿಶ್ವಕವಿಯೇ ಕೊಟ್ಟರೂ ಬೇಡ ಎನ್ನಬಹುದು ಎಂದು ರಾಧಾರಾಣಿ ಅಂದೇ ತೋರಿಸಿದ್ದಾರೆ.

ಕೋಲ್ಕತ್ತದ ಹಿಂದುಸ್ತಾನ್ ಪಾರ್ಕ್‌ನಲ್ಲಿರುವ ಈ ದಂಪತಿಯ ಮನೆಯ ಹೆಸರು ‘ಭಾಲೋ-ಬಾಸಾ’. ಕೂಡಿಸಿ ಓದಿದರೆ ಪ್ರೀತಿ, ಬಿಡಿಸಿ ಓದಿದರೆ ಒಳ್ಳೆಯ ಮನೆ. ಅರ್ಥಶಾಸ್ತ್ರಜ್ಞ ಅಮರ್ತ್ಯ ಸೇನರನ್ನು ಮದುವೆಯಾಗಿ, ಮುಂದೆ ವಿಚ್ಛೇದನವಾದಾಗ ನವನೀತಾ ಇಬ್ಬರು ಹೆಣ್ಣುಮಕ್ಕಳೊಂದಿಗೆ ಬಂದು ನೆಲೆಸಿದ್ದು ಇದೇ ಮನೆಯಲ್ಲಿ. 2019ರಲ್ಲಿ ತೀರಿಕೊಂಡದ್ದೂ ಇಲ್ಲೇ.

2000ನೇ ಇಸವಿಯ ನವೆಂಬರ್ 30ರಂದು, ಅಮ್ಮನ ಹುಟ್ಟುಹಬ್ಬದ ದಿನ, ನವನೀತಾ ಬಂಗಾಳಿ ಲೇಖಕಿಯರಿಗಾಗಿ ‘ಸೊಯಿ’ ಎಂಬ ಸಂಘ ಕಟ್ಟಿದರು. ಆ ಮಾತಿಗೆ ಮೂರು ಅರ್ಥ: ಗೆಳತಿ, ಸಹಿ, ಸಹಿಸುತ್ತೇನೆ. ಸಹಿಸುವುದು ನಮಗೆ ಯಾರೂ ಕಲಿಸಬೇಕಾಗಿಲ್ಲ. ಗೆಳತಿಯರೂ ನಮ್ಮ ವೇದಿಕೆಯಲ್ಲಿ ಸಿಕ್ಕಿದ್ದಾರೆ. ಇನ್ನು ಉಳಿದದ್ದು ನಮ್ಮದೇ ಹೆಸರಿನ ಸಹಿ.